ಖಾರಪುಡಿ ಅಂಗಡಿ ಖಾಲಿ ಮಾಡಿಸಿದ್ದು

ಮುನಿಸಿಪಾಲಿಟಿ ಜಾಗಾದಾಗ ಅಂಗಡಿ ಇಟ್ಟಾಂವಗ ನಗೂ ವಿಷಯಕ್ಕ ಏನೂ ಬರ ಇಲ್ಲ ನೋಡ್ರಿ. ಇವತ್ತ ಒಂದು ನಡೀತು, ಮುಗೀತಪಾ ಅನ್ನೂದ್ರಾಗ ಇನ್ನೊಂದು ಬಾಗಲದಾಗ ಬಂದು ನಿಂತಿರ್ತದ.

ಬ್ರಿಟಿಷರ ಆಳಿಕೆ ಮುಗಿಯಾಕ ಬಂದಿದ್ದ ಕಾಲ. ಪುಣೆ ಪೇಟೆಯೊಳಗ ಮುನಿಸಿಪಾಲಿಟಿದು ಒಂದು ಹಳೇ ಕಟ್ಟಡ, ಅದರ ಕೆಳಗ ಮೂರು ಅಂಗಡಿ. ಮೊದಲನೇದು ಟೊಪ್ಪಿಗಿ ಮಾರೂ ಮುದುಕಂದು, ನಡುವಿಂದು ಕ್ಷೌರದಾಂವಂದು, ಮೂಲ್ಯಾಗಿಂದು ನಂದು. ನಮ್ಮಪ್ಪ ಧಾರವಾಡ ಕಡಿಂದ ಬಂದು, ಬ್ಯಾಡಗಿ ಮೆಣಸಿನಕಾಯಿ ತರಿಸಿ, ಅಲ್ಲೇ ಕುಟ್ಟಿಸಿ ಖಾರಪುಡಿ ಮಾರಾಕ ಹತ್ತಿದ್ದ. ಅವನ ಹಿಂದ ನಾನು. ಸಾರಿಗೆ ಕೆಂಪು ಬಣ್ಣ ಬರಬೇಕಂದ್ರ ಪೇಟೆ ಹೆಣ್ಣಮಕ್ಕಳೆಲ್ಲಾ ನಮ್ಮ ಅಂಗಡಿಗೇ ಬರ್ತಿದ್ರು.

ಒಂದು ದಿನ ಮುನಿಸಿಪಾಲಿಟಿಯಿಂದ ಒಬ್ಬರು ರಾವಸಾಹೇಬರು ಬಂದ್ರು. ಅವರ ಮಾತೆಲ್ಲಾ ಮರಾಠಿ, ನಾ ನಮ್ಮ ಮಾತಿನಾಗ ಹೇಳ್ತೀನಿ. "ನಮ್ಮ ಕಚೇರಿಗೆ ಜಾಗಾ ಸಾಲವಲ್ದು. ನೀವು ಮೂವರೂ ಖಾಲಿ ಮಾಡ್ರಿ. ನದೀ ಆಚಿ ಕಡೆ ಬ್ಯಾರೆ ಜಾಗಾ ಕೊಡ್ತೀವಿ" ಅಂದ್ರು. ನದೀ ಆಚಿ ಕಡೆ ಆಗ ಎಮ್ಮಿ ಬಿಟ್ರ ಯಾರೂ ಓಡಾಡ್ತಿದ್ದಿಲ್ಲ. ನಾ ಏನು ಎಮ್ಮಿಗೆ ಖಾರಪುಡಿ ಮಾರಲೇನು?

ಮಲಗೂ ಹೊತ್ತು

ಮೊದಲ ಪಾಳಿ ಟೊಪ್ಪಿಗಿ ಮುದುಕಂದು. ರಾವಸಾಹೇಬರು ಕೀಲಿ ಹಿಡಕೊಂಡು, ಇಬ್ಬರು ಪಟ್ಟೇವಾಲಾ ಜವಾನರನ್ನ ಕರಕೊಂಡು ಮಧ್ಯಾಹ್ನ ಬಂದ್ರು. ಬಾಗಲಾ ಹಾಕಿತ್ತು. ಬಡದ್ರು.

"ಯಾರಂವ?" ಅಂತ ಒಳಗಿಂದ ಮುದುಕ ಒದರಿದ.

"ಮುನಿಸಿಪಾಲಿಟಿ! ಜಾಗಾ ಖಾಲಿ ಮಾಡಸಾಕ ಬಂದೀವಿ!"

"ಇದು ಮಲಗೂ ಹೊತ್ತು. ನಾಲ್ಕರ ಮ್ಯಾಲೆ ಬರ್ರಿ."

ಬ್ಯಾರೆ ಊರಾಗ ಆಗಿದ್ರ ಬಾಗಲಾ ಮುರೀತಿದ್ರು. ಪುಣೆದಾಗ ಮಧ್ಯಾಹ್ನದ ನಿದ್ದಿ ಅಂದ್ರ ದೇವರ ಪೂಜಿ ಇದ್ದಂಗ, ಯಾರೂ ಕೆಡಸೂದಿಲ್ಲ. ಆದ್ರ ರಾವಸಾಹೇಬರೂ ಅಪ್ಪಟ ಪುಣೆದವರು, ನಾಲಿಗಿ ಕಚ್ಚಿಕೊಂಡ್ರು. "ತಪ್ಪಾತು, ಮಲಕೋರಿ" ಅಂದು, ಪಟ್ಟೇವಾಲಾರಿಗೂ "ಸಪ್ಪಳ ಮಾಡಬ್ಯಾಡ್ರಿ" ಅಂತ ಸನ್ನಿ ಮಾಡಿ ಮನಿಗೆ ಹೋದ್ರು. ನಾಲ್ಕಕ್ಕ ಮುದುಕ ಎದ್ದು, ಬಾಗಲಾ ತಗದು ಕಾಯ್ಕೋತ ಕೂತ. ಯಾರೂ ಬರಲಿಲ್ಲ. ರಾವಸಾಹೇಬರಿಗೆ ಎಚ್ಚರಾದಾಗ ದೀಪಾ ಹಚ್ಚೂ ಹೊತ್ತಾಗಿತ್ತಂತ!

ಅರ್ಧ ಗಡ್ಡ

ಮುಂದ ಕ್ಷೌರದಾಂವನ ಪಾಳಿ. ಮುಂಜಾನೆ ಹತ್ತಕ್ಕ ಜಾಗಾ ಬಿಡಬೇಕಂತ ಹುಕುಂ ಆಗಿತ್ತು. ರಾವಸಾಹೇಬರು ಒಂದೀಟು ಲಗೂನ ಬಂದ್ರು. ಕ್ಷೌರದಾಂವ ಭಾಳ ವಿನಯದಿಂದ, "ಬರ್ರಿ ಸಾಹೇಬ್ರ, ಕಡೀ ಗಡ್ಡ ನಿಮ್ಮದ ಆಗಲಿ" ಅಂದ. ಪುಕ್ಕಟ ಗಡ್ಡ ಯಾರಿಗೆ ಬ್ಯಾಡ? ಕೂತ್ರು.

ಎಡಗಲ್ಲ ಮುಗೀತು. ಗಡಿಯಾರದಾಗ ಹತ್ತು ಹೊಡೀತು. ಕ್ಷೌರದಾಂವ ಕತ್ತಿ ಒರಿಸಿ, ಮಡಚಿ, ಕಿಸೇದಾಗ ಇಟ್ಟ.

"ಏನಪಾ, ಬಲಗಲ್ಲ?"

"ಹತ್ತು ಹೊಡೀತಲ್ರಿ. ಇನ್ನ ಇದು ಸರಕಾರದ ಜಾಗಾ. ಇಲ್ಲಿ ನಾ ಧಂದೆ ಮಾಡಿದ್ರ ನೀವ ಹಿಡದು ಒಳಗ ಹಾಕ್ತೀರಿ."

ರಾವಸಾಹೇಬರು ಬೈದ್ರು, ಆಮ್ಯಾಲೆ ರಮಿಸಿದ್ರು. ಆಸಾಮಿ ಜಗ್ಗಲಿಲ್ಲ. ಕಡೀಕ ಅರ್ಧ ಮಾರಿಗೆ ಸಾಬಾಣದ ನೊರಿ ಇಟಕೊಂಡ ಓಣಿಗೆ ಬಂದು ನಿಂತು, ಮಂದಿ ಎದುರಿಗೆ, "ಮೂರೂ ಅಂಗಡಿಗೆ ದೀಪಾವಳಿ ತನಕ ಮುದತ್ತು!" ಅಂತ ಸಾರಿದ್ರು. ನಾವು ಚಪ್ಪಾಳಿ ಹೊಡದ್ವಿ. ಕ್ಷೌರದಾಂವ ಮತ್ತ ಕತ್ತಿ ತಗದ. ಬಲಗಲ್ಲ ಅಷ್ಟು ನುಣ್ಣಗ ರಾವಸಾಹೇಬರಿಗೆ ಎಂದೂ ಆಗಿರಲಿಲ್ಲಂತ.

ನನ್ನ ಪಾಳಿ

ದೀಪಾವಳಿ ಆತು. ಈ ಸಲ ರಾವಸಾಹೇಬರು ಹುಷಾರಾಗಿದ್ರು. ಇಂವ ಮಧ್ಯಾಹ್ನ ಮಲಗೂದಿಲ್ಲ, ಕತ್ತಿ ಹಿಡಿಯೂದಿಲ್ಲ ಅಂತ ನೋಡಿ ನನ್ನಿಂದನ ಸುರು ಮಾಡಿದ್ರು. ನನ್ನ ಅಂಗಡಿಯೊಳಗ ಖುದ್ದು ಅವರ ಮೇಜು ಹಾಕೂದಿತ್ತು.

ಚೀಲ ಹೊರಗ ಬಂದ್ವು, ಒರಳು ಬಂತು, ಒನಕಿ ಬಂತು. ಅಪ್ಪ ಕೂಡ್ರತಿದ್ದ ಮಣಿ ಬಂದಾಗ ನನಗ ತಡಕೊಳ್ಳಾಕ ಆಗಲಿಲ್ಲ. ನಮ್ಮಾಕಿಯಂತೂ ಸೆರಗು ಬಾಯಿಗೆ ಒತ್ತಿಕೊಂಡು ಅಳಾಕ ಹತ್ತಿದ್ಲು. ದಿನಾ ಮೆಣಸಿನಕಾಯಿ ಕುಟ್ಟೂ ಹೆಣ್ಣಮಗಳು, ಅಕಿ ಕಣ್ಣಾಗ ನೀರು ಬಂದದ್ದು ನಾ ನೋಡಿದ್ದು ಅದ ಮೊದಲು.

ರಾವಸಾಹೇಬರು ಮನಸಿನಿಂದ ಕೆಟ್ಟವರಲ್ಲ. "ಅಳಬ್ಯಾಡ್ರಿ ಬಾಯಿ. ಜಾಗಾ ಬಿಡೂದಂದ್ರ ಯಾರಿಗಾದ್ರೂ ಕಣ್ಣೀರು ಬರ್ತದ. ಎರಡ ದಿನಾ, ಆಮ್ಯಾಲೆ ರೂಢಿ ಆಗ್ತದ" ಅಂದ್ರು.

ನಾನೂ ಅವರಿಗೊಂದು ಒಳ್ಳೇ ಮಾತು ಹೇಳಿದೆ. "ಸಾಹೇಬ್ರ, ಮೊದಲ ಗ್ವಾಡಿ ಕೆರಸ್ರಿ, ತೊಲಿ ತೊಳಸ್ರಿ. ನಮ್ಮಪ್ಪನ ಕಾಲದ ಖಾರಪುಡಿ ಮ್ಯಾಲೆ ಕೂತದ."

"ಒಬ್ಬಂವ ನಿದ್ದಿ ಅಂದ, ಒಬ್ಬಂವ ಗಡಿಯಾರ ಅಂದ, ನಿಂದು ಇದೊಂದು ನೆಪಾ ಏನು?" ಅಂತ ನಕ್ರು.

ಬ್ಯಾಡಂದ್ರ ಬಿಡ್ರಿ ಅಂತ ನಾ ಚೀಲ ಎಣಸಾಕ ಹತ್ತಿದೆ.

ಪಂಖಾ

ಮರುದಿನ ಕಚೇರಿ ಉದ್ಘಾಟನೆ. ಗಾಡಿ ಸಿಕ್ಕಿರಲಿಲ್ಲ, ನಾನೂ ನಮ್ಮಾಕಿನೂ ಎದುರಿನ ಕಟ್ಟಿ ಮ್ಯಾಲೆ ಚೀಲದ ಹತ್ರನ ಕೂತಿದ್ವಿ. ನಾಳಿಂದ ಹೊಟ್ಟೀಗೇನು ಅಂತ ಇಬ್ಬರಿಗೂ ಚಿಂತಿ. ಒಳಗ ಮೇಜು ಹಾಕಿದ್ರು, ಹಾರ ಕಟ್ಟಿದ್ರು, ಕಾರಕೂನರು ಸಾಲಾಗಿ ಕೂತ್ರು. ಮ್ಯಾಲೆ ತೊಲಿಗೆ ಹೊಚ್ಚ ಹೊಸಾ ಬಿಜಲಿ ಪಂಖಾ! ತೆಂಗಿನಕಾಯಿ ಒಡದು, ರಾವಸಾಹೇಬರು ತಮ್ಮ ಕೈಯಿಂದನ ಗುಂಡಿ ಒತ್ತಿದ್ರು.

ಪಂಖಾ ಒಂದು ಸುತ್ತು ಹಾಕ್ತು, ಎರಡು ಸುತ್ತು ಹಾಕ್ತು. ಆಮ್ಯಾಲೆ ಜೋರ ಹಿಡೀತು.

ಮೊದಲ ಒಂದು ಸೀನು ಕೇಳಿಸ್ತು. ಹಿಂದನ ಹತ್ತು. ಆಮ್ಯಾಲೆ ಸೀನು ಯಾವುದು, ಕೆಮ್ಮು ಯಾವುದು, "ಅಯ್ಯಯ್ಯೋ" ಯಾವುದು ತಿಳೀಲಾರದಂಗಾತು. ಕೆಂಪು ಧೂಳಿನಾಗ ಒಬ್ಬ ಕಾರಕೂನ ಕುರ್ಚಿ ಸಮೇತ ಹೊರಗ ಬಿದ್ದ. ಗುಂಡಿ ಎಲ್ಲದಂತ ಯಾರಿಗೂ ಕಾಣವಲ್ದು, ಪಂಖಾ ನಿಲ್ಲವಲ್ದು! ಎಲ್ಲಾರ ಹಿಂದ ರಾವಸಾಹೇಬರು ಬಂದ್ರು. ಪೇಟಾ ಕೈಯಾಗ, ಕಣ್ಣು ಮೆಣಸಿನಕಾಯಿ ಬಣ್ಣ, ಧಾರಾಕಾರ ನೀರು. ತಡವರಿಸಿಕೋತ ದಾರಿ ದಾಟಿ, ನನ್ನ ಚೀಲದ ಮ್ಯಾಲೇ ಕುಸದು ಕೂತು, ಕೀಲಿ ನನ್ನ ಉಡ್ಯಾಗ ಒಗದ್ರು.

"ತಗೋರಿ ಶೇಟ್‌ಜಿ. ನೀವ ಇರ್ರಿ. ಮೂವರೂ ಇರ್ರಿ. ನದೀ ಆಚಿ ಕಡೆ ನಾವ ಹೋಗ್ತೀವಿ."

ನಮ್ಮಾಕಿ ಎದ್ದು, ತಂಬಿಗಿ ತುಂಬ ತಣ್ಣೀರು ಅವರ ಕೈಗೆ ಕೊಟ್ಟು, ಭಾಳ ಅಂತಃಕರಣದಿಂದ ಹೇಳಿದ್ಲು:

"ಅಳಬ್ಯಾಡ್ರಿ ಸಾಹೇಬ್ರ. ಜಾಗಾ ಬಿಡೂದಂದ್ರ ಯಾರಿಗಾದ್ರೂ ಕಣ್ಣೀರು ಬರ್ತದ. ಎರಡ ದಿನಾ, ಆಮ್ಯಾಲೆ ರೂಢಿ ಆಗ್ತದ."