ಎವಾಸಿಯೋನ ಗಡ್ಡ

"ಗಡ್ಡ ಎಲ್ಲೋ, ಕತ್ತೆ? ನನ್ನ ಗಡ್ಡ ಎಲ್ಲಿ?"

"ನಿಮ್ದಲ್ಲ ಯಜಮಾನ್ರೆ, ನಂದು. ನನ್ನ ಮುಖದ ಮೇಲೆ ಬೆಳೆದಿದ್ದು."

"ಅದಕ್ಕೆ ಎಂಟು ವರ್ಷದಿಂದ ಅನ್ನ ಹಾಕಿದವನು ನಾನು!"

ನಿರ್ದೇಶಕ ಮಾಲ್ವಾನೋನ ಕೂಗಿಗೆ ಸ್ಟುಡಿಯೋದ ಗಾಜಿನ ಮಾಡು ಗಲಗಲ ಎಂದಿತು. ಟ್ಯೂರಿನ್ ನಗರದ ಮೂಕಿ ಚಿತ್ರಗಳಲ್ಲಿ ಮುದಿ ತಂದೆಯೆಂದರೆ ಎವಾಸಿಯೋ ಕ್ರಾವೆರೋ ಒಬ್ಬನೇ. ಹೊಟ್ಟೆಯವರೆಗೆ ಇಳಿದ ಗಡ್ಡ ಹೊತ್ತು, ವಿಷ ಕುಡಿದು, ಚೂರಿಯಿಂದ ಇರಿಸಿಕೊಂಡು, ಓಡಿಹೋದ ಮಗಳನ್ನು ಕ್ಷಮಿಸಿ ಅವನು ಪ್ರತಿ ಚಿತ್ರದಲ್ಲೂ ಸಾಯುತ್ತಿದ್ದ. ವಯಸ್ಸು ಮಾತ್ರ ಮೂವತ್ತೆಂಟು. ಒಂದೇ ಒಂದು ಸಲ ಪ್ರೇಮಿಯಾಗಿ, ಕೊನೆಯ ರೀಲಿನವರೆಗೆ ಬದುಕಿರಬೇಕೆಂಬ ಆಸೆ.

ಆ ಆಸೆಗೆ ತುಪ್ಪ ಸುರಿದವನು ಕೆಳಮನೆಯ ಕ್ಷೌರಿಕ ಸೆಕೊಂದೋ. "ಈ ಪೊದೆಯೊಳಗೆ ಇಪ್ಪತ್ತೈದರ ಹುಡುಗ ಅಡಗಿದಾನೆ ಕಣೋ. ತೆಗೆದು ತೋರಿಸ್ಲಾ?" ಎಂದವನು ಶನಿವಾರ ಸಂಜೆ ಬೋಳಿಸಿಯೇಬಿಟ್ಟ. ಪೊದೆಯಿಂದ ಹೊರಬಿದ್ದದ್ದು ಸಿಪ್ಪೆ ಸುಲಿದ ಬೇಯಿಸಿದ ಮೊಟ್ಟೆ. ಸೋಮವಾರ ಬೆಳಿಗ್ಗೆ ಸೈನಿಕರ ವೇಷದವರ ಗುಂಪಿನಲ್ಲಿ ಸ್ಟುಡಿಯೋದೊಳಗೆ ಬಂದವನನ್ನು ಗೇಟಿನಲ್ಲಿ ಯಾರೂ ಗುರುತಿಸಿರಲಿಲ್ಲ.

"ತಂದೆ ಸಾಯೋದೊಂದು ಬಾಕಿ," ಮಾಲ್ವಾನೋ ಹಲ್ಲು ಕಡಿದ. "ನಾಲ್ಕಕ್ಕೆ ಬಿಸಿಲು ಹೋಗುತ್ತೆ. ಅಷ್ಟರೊಳಗೆ ಗಡ್ಡ ಇಟ್ಕೊಂಡು ಸತ್ತರೆ ಹೊಸ ವರ್ಷದ ಕರಾರಿಗೆ ಸಹಿ. ಇಲ್ಲಾಂದ್ರೆ ನಿಜವಾಗ್ಲೂ ಸತ್ತೆ!"

ವೇಷಭೂಷಣದ ಪಿಯಾ ಒಂದು ಆಡಿನ ಕೂದಲಿನ ಗಡ್ಡ ಅಂಟಿಸಿದಳು. "ಉಸಿರು ಬಿಗಿಹಿಡಿದು ಸಾಯಪ್ಪ, ಅಂಟು ಹಳೇದು."

ಗಾಜಿನ ಮಾಡಿನಿಂದ ಬಿಸಿಲು ಬಾಣಲೆಯ ಎಣ್ಣೆಯಂತೆ ಸುರಿಯುತ್ತಿತ್ತು. ಅಂಟು ಕರಗಿತು. ನಾಯಕಿ ಲೇದಾ "ಅಪ್ಪಾ!" ಎಂದು ಬಗ್ಗಿ ಮುತ್ತಿಟ್ಟು ಮೇಲೆದ್ದಾಗ ಗಡ್ಡ ಅವಳ ತುಟಿಯಲ್ಲಿ ನೇತಾಡುತ್ತಿತ್ತು.

"ಥೂ! ಅಪ್ಪ ಅಲ್ಲ, ಇದು ಆಡು!"

ಕ್ಯಾಮೆರಾ ತಿರುಗಿಸುವವನು ನಗು ತಡೆಯಲಾರದೆ ನೆಲಕ್ಕೆ ಕೂತ.

ಎವಾಸಿಯೋಗೆ ಥಟ್ಟನೆ ಹೊಳೆಯಿತು: ಸೆಕೊಂದೋನ ಕಸದ ಬುಟ್ಟಿ! ಟ್ರಾಮ್ ಹಿಡಿದು ಓಡಿದ. ಅಂಗಡಿ ಮುಚ್ಚಿತ್ತು.

"ಸೋಮವಾರ ಯಾವ ಕ್ಷೌರಿಕ ಬಾಗಿಲು ತೆಗೀತಾನಪ್ಪ?" ಕಿಟಕಿಯಿಂದ ಸೆಕೊಂದೋನ ಹೆಂಡತಿ ತೆರ್ಸಿಲ್ಲಾ ಇಣುಕಿದಳು. "ಗಡ್ಡದ ಜೊತೆ ಬುದ್ಧಿನೂ ಬೋಳಿಸಿದ್ರಾ? ಇವ್ರು ನಿನ್ನೆಯೆಲ್ಲಾ ಕೂತು ಅದೇನೋ ಹೆಣೆದು, ಈಗ ಡಬ್ಬಿ ಹಿಡ್ಕೊಂಡು ಹೊರಟ್ರು. ಹಬ್ಬದ ಕೋಟು ಬೇರೆ!"

ಅವನು ಏದುಸಿರು ಬಿಡುತ್ತ ವಾಪಸಾದಾಗ ಮೂರೂವರೆ. ತೂಕಡಿಸುತ್ತಿದ್ದ ಕಾವಲುಗಾರ ಗಾಸ್ಪಾರೆಯನ್ನು ದಾಟಿ ಒಳಗೆ ನುಗ್ಗಿದ. ನುಗ್ಗಿದವನು ಕಂಬದಂತೆ ನಿಂತ. ಮರಣಶಯ್ಯೆಯ ಮೇಲೆ, ಹೊಟ್ಟೆಯವರೆಗೆ ಗಡ್ಡ ಹರಡಿಕೊಂಡು, ಎವಾಸಿಯೋ ಕ್ರಾವೆರೋ ಸಾಯುತ್ತಿದ್ದ! ಲೇದಾ ಬಿಕ್ಕುತ್ತಿದ್ದಳು. ಮಾಲ್ವಾನೋ ಕಣ್ಣೊರೆಸಿಕೊಂಡು "ಸಾಕು, ಚೆನ್ನಾಗಿ ಸತ್ತೆ" ಎಂದ.

ಹೆಣ ಎದ್ದು ಕೂತು ಹಲ್ಲು ಬಿಟ್ಟಿತು. ಸೆಕೊಂದೋ!

"ಸಿಟ್ಟಾಗ್ಬೇಡ ಕಣೋ. ಇಂಥ ಗಡ್ಡ ಕಸಕ್ಕೆ ಎಸೆಯೋಕೆ ಮನಸ್ಸು ಬರ್ಲಿಲ್ಲ."

"ಅದು ನನ್ನ ಗಡ್ಡ!"

"ಇರಲಿ ಬಿಡೋ," ಮಾಲ್ವಾನೋ ಕರಾರುಪತ್ರವನ್ನು ಸೆಕೊಂದೋನ ಮುಂದಿಟ್ಟ. "ಜನ ನೋಡೋಕೆ ಬರೋದು ಗಡ್ಡಾನ. ಮಾತೇ ಇಲ್ಲದ ಚಿತ್ರದಲ್ಲಿ ಅದರ ಹಿಂದೆ ಯಾರಿದ್ರೇನು?"

"ಹಾಗಾದ್ರೆ ನಾನು... ಪ್ರೇಮಿಯ ಪಾತ್ರ..."

ಎಲ್ಲರೂ ನಕ್ಕರು. ಎಲ್ಲರಿಗಿಂತ ಜೋರಾಗಿ ಲೇದಾ.

ಎವಾಸಿಯೋ ಟೋಪಿ ಎತ್ತಿಕೊಂಡು ಗೇಟಿಗೆ ಬಂದ. ಎಂಟು ವರ್ಷ ದಿನವೂ ಟೋಪಿ ತೆಗೆದು ನಮಸ್ಕರಿಸುತ್ತಿದ್ದ ಗಾಸ್ಪಾರೆ ಈಗ ಎಚ್ಚರವಾಗಿದ್ದ.

"ಏಯ್! ಯಾವನೋ ನೀನು? ಒಳಗೆ ಹೆಂಗೆ ನುಗ್ಗಿದೆ? ನಡಿ ಆಚೆ!"

ಎವಾಸಿಯೋ ಅಭ್ಯಾಸಬಲದಿಂದ ಗಡ್ಡ ನೀವಿಕೊಳ್ಳಲು ಕೈ ಎತ್ತಿದ. ಕೈಗೆ ಏನೂ ಸಿಗಲಿಲ್ಲ. ಆಚೆ ನಡೆದ. ಮತ್ತೆ ಆ ಗೇಟಿನೊಳಗೆ ಕಾಲಿಡಲಿಲ್ಲ.