ಮರೆತವರ ಸಿನಿಮಾ

ತಕರಾರು ಶುರುವಾದದ್ದು ಚಿತ್ರದ ಹೆಸರಿನಿಂದ. ನಿರ್ದೇಶಕರು ಕ್ಯಾಮೆರಾ ಹೊತ್ತು ವಠಾರದೊಳಗೆ ಕಾಲಿಟ್ಟರೋ ಇಲ್ಲವೋ, ಮೊದಲ ಮನೆಗೆ ಹೊಸದಾಗಿ ಬಾಡಿಗೆಗೆ ಬಂದಿದ್ದ ನಿವೃತ್ತ ಮೇಷ್ಟ್ರು ಅವರ ಕೈಯಲ್ಲಿದ್ದ ಹಲಗೆ ಓದಿದರು.

"'ಮರೆತವರು'. ಯಾರನ್ನ ಮರೆತವರು ಸಾರ್?"

"ಯಾರನ್ನೂ ಅಲ್ರೀ. ಜಗತ್ತು ಇಂಥವರನ್ನ ಮರೆತಿದೆ ಅಂತ ಅರ್ಥ."

"ಹಾಗಾದ್ರೆ 'ಮರೆತುಹೋದವರು' ಅನ್ನಿ. 'ಮರೆತವರು' ಅಂದ್ರೆ ಮರೆತ ಜನ ಅಂತಾಗುತ್ತೆ."

ನಿರ್ದೇಶಕರು ನಕ್ಕು ಮುಂದೆ ನಡೆದರು. ವ್ಯಾಕರಣಕ್ಕೆಲ್ಲ ಅವರಿಗೆಲ್ಲಿ ಪುರುಸೊತ್ತು! ಅನ್ಯಾಯ ಎಲ್ಲೇ ನಡೆದಿರಲಿ, ಒಂದಿಷ್ಟು ವರ್ಷ ಬಿಟ್ಟು ಅಲ್ಲಿಗೆ ಹೋಗಿ ಕಣ್ಣೀರು ಹಾಕುವುದು ಅವರ ವೃತ್ತಿ. ಜಗತ್ತಿನ ಪರವಾಗಿ ನೆನಪಿಟ್ಟುಕೊಳ್ಳುವ ಗುತ್ತಿಗೆಯನ್ನು ಯಾರೂ ಕೊಡದಿದ್ದರೂ ತಾವೇ ಹಿಡಿದಿದ್ದರು. ಹಾಗೆ ಸುತ್ತಿ ಸುತ್ತಿ ವಠಾರಗಳೆಲ್ಲ ಅವರ ಕಣ್ಣಿಗೆ ಒಂದೇ ಥರ ಕಾಣತೊಡಗಿದ್ದವು. ನಾಳೆ ಚಿತ್ರೋತ್ಸವದ ಆಯ್ಕೆ ಸಮಿತಿ ಚಿತ್ರ ನೋಡುವುದಿತ್ತು. ಹಿಂದೆ ಯಾರ ಮುಂದೂ ಹೇಳದ ಸಾಕ್ಷಿಯೇ ಬೇಕೆಂದು ಸಮಿತಿಯ ಷರತ್ತು. ಹೊಲಿಗೆ ಕಾರ್ಖಾನೆಯ ಬೆಂಕಿಯಲ್ಲಿ ಬದುಕುಳಿದ ಅಜ್ಜಿಯ ಮಾತು ಇವತ್ತು ಸಿಗದಿದ್ದರೆ ವರ್ಷಗಳ ದುಡಿಮೆ ನೀರುಪಾಲು.

ಅಜ್ಜಿ ಸಿಕ್ಕರು. ಜೊತೆಗೆ ಇಡೀ ವಠಾರವೂ ಸಿಕ್ಕಿತು. ಸೊಸೆ ಬಂದು ಅತ್ತೆಯ ಮುಖಕ್ಕೆ, ಹಿಟ್ಟಿನ ಡಬ್ಬಿಯಲ್ಲಿ ಅದ್ದಿದ ಹಾಗೆ, ಪೌಡರ್ ಬಳಿದಳು.

"ಒರೆಸಮ್ಮ, ನೋವು ಕಾಣ್ಬೇಕು," ಎಂದರು ನಿರ್ದೇಶಕರು.

"ನೋವಿರೋದು ಮಂಡೀಲಿ ಸಾರ್," ಎಂದಳು ಸೊಸೆ.

ಪಕ್ಕದ ಮನೆಯಾಕೆ ಒಲೆಯ ಮೇಲೆ ಕುಕ್ಕರ್ ಇಟ್ಟು ಬಂದಿದ್ದಳು. ಅಜ್ಜಿ "ಆವತ್ತು..." ಎಂದು ಬಾಯಿ ತೆರೆದಾಗಲೆಲ್ಲ ಅದು ಕೂಗುತ್ತಿತ್ತು. ಕುಕ್ಕರ್ ಸುಮ್ಮನಾದಾಗ ಮೇಷ್ಟ್ರು ಅಜ್ಜಿಯ ವಿಭಕ್ತಿ ತಿದ್ದುತ್ತಿದ್ದರು.

ಕೊನೆಗೂ ಅಜ್ಜಿ ಹೇಳಿದರು. ಬೆಂಕಿ ಬಿದ್ದ ದಿನವೂ ಕಾರ್ಖಾನೆಯ ಬಾಗಿಲಿಗೆ ಹೊರಗಿನಿಂದ ಬೀಗವಿತ್ತು. ಅಜ್ಜಿ ಕಿಟಕಿಯಿಂದ ಹಾರಿದರು. ಹಿಂದೆಯೇ ಬರ್ತೀನಿ ಎಂದ ತಂಗಿ ಬರಲಿಲ್ಲ. ಮೇಷ್ಟ್ರು ಕೂಡ ಏನೂ ತಿದ್ದಲಿಲ್ಲ.

ನಿರ್ದೇಶಕರು ಗಳಗಳನೆ ಅತ್ತರು. "ಅಜ್ಜಿ, ಇವತ್ತಿನವರೆಗೂ ಇದನ್ನ ಯಾರೂ ಕೇಳಿಲ್ಲ. ನಾನು ಸಾಯೋವರೆಗೂ ಮರೆಯಲ್ಲ. ನಿಮ್ಮ ತಂಗೀದೊಂದು ಫೋಟೋ ಕೊಡಿ."

"ಇದ್ದದ್ದೇ ಒಂದು. ಅದು ನಿಮ್ಮ ಹತ್ರಾನೇ ಇದೆಯಲ್ಲಪ್ಪಾ."

"ನನ್ನ ಹತ್ರಾನಾ?"

"ಹೋದ ಸಲ ಬಂದಾಗ ತಗೊಂಡು ಹೋದ್ರಲ್ಲ. ಆವಾಗ್ಲೂ ಹೀಗೇ ಅತ್ತಿದ್ರಿ, ಸಾಯೋವರೆಗೂ ಮರೆಯಲ್ಲ ಅಂದಿದ್ರಿ. ಇವತ್ತು ವಾಪಸ್ ತರ್ತೀರೇನೋ ಅಂತ ಬೆಳಗ್ಗೆಯಿಂದ ಬಾಗಿಲಲ್ಲೇ ಕೂತಿದ್ದೆ. ಅವಳ ಮುಖ ಈಗ ನನಗೂ ಸರಿಯಾಗಿ ನೆನಪಾಗಲ್ಲ."

ನಿರ್ದೇಶಕರು ತಲೆ ಕೆರೆದುಕೊಂಡರು. ಯಾವ ಸಲ, ಯಾವ ಫೋಟೋ, ಇಟ್ಟದ್ದೆಲ್ಲಿ? ಒಂದೂ ಹೊಳೆಯಲಿಲ್ಲ. ಆಡಿದ ಅಷ್ಟೂ ಮಾತು ಕ್ಯಾಮೆರಾದೊಳಗೆ ಹೋಗುತ್ತಲೇ ಇತ್ತು. ಅದನ್ನು ನಿಲ್ಲಿಸಲೂ ಮರೆತಿದ್ದರು.

ಮೇಷ್ಟ್ರು ನೆಲದ ಮೇಲಿದ್ದ ಹಲಗೆಯನ್ನು ಎತ್ತಿ, ಕನ್ನಡಕ ಸರಿಮಾಡಿಕೊಂಡು ಇನ್ನೊಮ್ಮೆ ಓದಿದರು.

"ನನ್ನದೇ ತಪ್ಪು ಸಾರ್," ಎಂದರು. "ಹೆಸರು ಸರಿಯಾಗೇ ಇದೆ."