ದೈವಕ್ಕೆ ಉಚ್ಚಿರ ಕೊಟ್ಟ ದೂರು

ಸಿನಿಮಾದವರು ದೈವದ ವೇಷ ತೊಟ್ಟು ತೆಯ್ಯಂ ಕಟ್ಟಲು ತನ್ನನ್ನೇ ಕರೆದರೆಂದು ಅಂಬು ಪೆರುವಣ್ಣಾನ್ ಹಿಗ್ಗಿ ಹೀರೇಕಾಯಿಯಾದ. ಮಂಡಿ ಕೈಕೊಟ್ಟ ಮೇಲೆ (ಮಂಡಿಗೆ ಕೈ ಎಲ್ಲಿಂದ ಬಂತೆಂದು ಕೇಳಬೇಡಿ) ದೈವಸ್ಥಾನದ ಹಿರಿಯರು ಅವನು ಹೊರುತ್ತಿದ್ದ ಮುಡಿಯನ್ನು, ದೈವದ ಆ ಭಾರದ ಕಿರೀಟವನ್ನು, ಅವನ ತಮ್ಮನ ಮಗನಿಗೆ ಒಪ್ಪಿಸಿದ್ದರು. ಅಂದಿನಿಂದ ದೂರದಲ್ಲಿ ಚೆಂಡೆ ಕೇಳಿದರೆ ಸಾಕು, ಉಣ್ಣುತ್ತಿದ್ದವನು ಅನ್ನ ಬಿಟ್ಟು ಏಳುತ್ತಿದ್ದ. ಪರದೆಯ ಮೇಲೆ ನೋಡಿಯಾದರೂ ಹಿರಿಯರು ಮತ್ತೆ ಕರೆದಾರು ಎಂಬುದೇ ಅವನ ಆಸೆ.

"ಮೀನು ಬೇಡ. ವ್ರತದಲ್ಲಿದ್ದೀನಿ," ಎಂದ.

"ಸಿನಿಮಾಕ್ಕೂ ವ್ರತವಾ? ಹೀರೋ ಬೆಳಿಗ್ಗೆಯಿಂದ ಕೋಳಿ ತಿಂತಾ ಕೂತಿದಾನಂತೆ," ಎಂದಳು ಹೆಂಡತಿ ಉಚ್ಚಿರ.

"ಅವನದು ಪೊಲೀಸ್ ವೇಷ. ನನ್ನದು ದೈವ."

"ಜಗಲಿ ಹತ್ತೋಕೆ ನನ್ನ ಭುಜ ಬೇಕು. ಕುಣಿಯೋಕೆ ಯಾರ ಭುಜ ಹಿಡೀತೀರಿ?"

ಚಿತ್ರೀಕರಣದ ದಿನ ಮುಖಕ್ಕೆ ಬಣ್ಣ ಬರೆದು ಮುಡಿ ಏರಿಸಿದರು. ಮುಡಿ ಏರಿದ ಮೇಲೆ ಕನ್ನಡಿ ನೋಡಿದರೆ ದೈವ ಮೈಗೆ ಬರುತ್ತದೆಂಬುದು ನಂಬಿಕೆ. ಸಿನಿಮಾಕ್ಕೆ ಅದು ಬೇಕಿರಲಿಲ್ಲ. ಅಂಬುವಿಗೆ ತಡೆಯಲಾಗಲಿಲ್ಲ, ಕೇಳಿ ತರಿಸಿಕೊಂಡು ನೋಡಿಯೇಬಿಟ್ಟ. ಕಳೆದುಹೋಗಿದ್ದವನು ಎದುರಿಗೆ ಬಂದು ನಿಂತಂತಾಗಿ ಕಣ್ಣು ತುಂಬಿತು.

ಎರಡು ಸುತ್ತು ಕುಣಿದು, ಮುಂದಿರುವ ಹೆಂಗಸಿಗೆ ಪ್ರಸಾದದ ಅರಿಶಿನ ಕೊಡಬೇಕೆಂದು ನಿರ್ದೇಶಕರ ಅಪ್ಪಣೆ. ಜನರ ಗುಂಪಿಗೆಂದು ಊರ ಹೆಂಗಸರನ್ನೇ ನಿಲ್ಲಿಸಿದ್ದರು. ಮುಂದಿದ್ದವಳು ಉಚ್ಚಿರ. ದೈವದೆದುರು ನಿಂತ ಮೇಲೆ ಅವಳಿಗೆ ಸಿನಿಮಾ ಮರೆತುಹೋಯಿತು. ಕೈಮುಗಿದು ಅತ್ತಳು.

"ತಾಯಿ, ಮನೇಲೊಬ್ಬ ಮುದುಕ ಇದ್ದಾನೆ. ಹೇಳಿದ್ದು ಕೇಳಲ್ಲ. ಇನ್ನೊಂದು ಸಲ ಮುಡಿ ಹೊತ್ತರೆ ಅವನು ಏಳಲ್ಲ. ಅವನಿಲ್ಲದೆ ನನಗೆ ಯಾರಿದ್ದಾರೆ? ನೀನೇ ತಡೀಬೇಕು."

ಮನೆಯಲ್ಲಿ ಎಂದೂ ಹೇಳದ ಮಾತು. ಅಳುವ ಹೆಣ್ಣನ್ನು ಬರಿಗೈಯಲ್ಲಿ ಕಳಿಸುವ ಪದ್ಧತಿ ಆ ದೈವಕ್ಕಿಲ್ಲ. ಅವಳ ಕೈಗೆ ಅರಿಶಿನವಿಡುತ್ತಿದ್ದಂತೆ ಅಂಬುವಿನ ಬಾಯಿ ತಾನಾಗಿ ನುಡಿಯಿತು:

"ಅಳಬೇಡ ಮಗಳೇ. ಅವನು ಇನ್ನು ಮುಡಿ ಹೊರುವುದಿಲ್ಲ. ಇದು ನನ್ನ ಮಾತು."

ನಿರ್ದೇಶಕರು ಕುಣಿದಾಡಿದರು. ದೃಶ್ಯ ಹಾಗೆಯೇ ಸಿನಿಮಾದಲ್ಲಿ ಬಂತು, ಊರಿಗೆ ಊರೇ ನೋಡಿತು. ಮರುವಾರ ಹಿರಿಯರು ಮನೆಗೇ ಬಂದರು. "ಅಂಬೂ, ನಿನ್ನ ಕುಣಿತ ನೋಡಿ ಮೈ ಜುಂ ಅಂತು. ಈ ವರ್ಷದ ಮುಡಿ ನಿನಗೇ."

ಇಷ್ಟು ದಿನ ಹಂಬಲಿಸಿದ್ದ ಮಾತು. ಅಂಬು ಹೂಂ ಎನ್ನಲು ಬಾಯಿ ತೆರೆದ.

"ಆಗಲ್ಲ," ಎಂದಳು ಬಾಗಿಲಲ್ಲಿ ನಿಂತ ಉಚ್ಚಿರ. "ದೈವ ಬೇಡ ಅಂದಿದೆ. ನೀವೂ ನೋಡಿದ್ದೀರಲ್ಲ."

"ಅದು ಬರೀ ಸಿನಿಮಾ ಕಣೇ. ನಾನಲ್ವಾ ಹೇಳಿದ್ದು?"

"ಮಾತು ಕೊಟ್ಟದ್ದು ದೈವ. ಮಧ್ಯೆ ಮೂಗು ತೂರಿಸೋಕೆ ನೀವು ಯಾರು?"

ಹಿರಿಯರು ಎದ್ದು ನಿಂತು, ಉಚ್ಚಿರಳಿಗೆ ಕೈಮುಗಿದರು.